ಕೀಟ್ಸ್‌ಗೂ ಒಂದು ಕೆಟ್ಟ ಅಪ್ರೈಸಲ್ ಬಂದಿತ್ತು

ಕಳೆದ ಜೂನ್ ತಿಂಗಳ ಒಂದು ಶುಕ್ರವಾರ ಸಂಜೆ ನನ್ನ ಅಪ್ರೈಸಲ್ ರಿಪೋರ್ಟ್ ಬಂತು. ಒಂದೇ ಕಂಪೆನಿಯಲ್ಲಿ ಐದು ವರ್ಷ ದುಡಿದದ್ದಕ್ಕೆ ನಾಲ್ಕು ಸಾಲಿನ ಕಮೆಂಟು, ಕೊನೆಗೆ 'ಸುಧಾರಣೆ ಅಗತ್ಯ' ಅಂತ ಒಂದು ರೇಟಿಂಗು. ಮನೆಗೆ ಹೊರಟರೆ ಪಂಪ್‌ವೆಲ್‌ನಲ್ಲಿ ಎಂದಿನಂತೆ ನೀರು ನಿಂತಿತ್ತು. ಸ್ಕೂಟರ್ ಬದಿಗಿಟ್ಟು ಅಂಗಡಿಯೊಂದರ ಶೀಟಿನ ಅಡಿಯಲ್ಲಿ ನಿಂತೆ. ಮಳೆ ಬಿಡುವ ಲಕ್ಷಣ ಇರಲಿಲ್ಲ. ಅಲ್ಲೇ ಫೋನಿನಲ್ಲಿ ರಾಜೀನಾಮೆ ಪತ್ರ ಟೈಪ್ ಮಾಡಿದೆ. ಕಳಿಸಲಿಲ್ಲ, ಡ್ರಾಫ್ಟ್‌ನಲ್ಲಿ ಇಟ್ಟೆ.

ಮನೆಯಲ್ಲಿ ಅಪ್ಪ ಕಾಯುತ್ತಿದ್ದರು. ನನಗಲ್ಲ, ಪುಸ್ತಕಕ್ಕೆ.

ಅಪ್ಪ ಪಿಯು ಕಾಲೇಜಿನಲ್ಲಿ ಮೂವತ್ತು ವರ್ಷ ಇಂಗ್ಲಿಷ್ ಪಾಠ ಮಾಡಿ ನಿವೃತ್ತರಾದವರು. ಒಂದು ವರ್ಷದಿಂದ ಅವರಿಗೆ ಓದಲಿಕ್ಕೆ ಆಗುತ್ತಿಲ್ಲ. ಕಣ್ಣಿನ ನಡುಭಾಗಕ್ಕೆ ಮಸುಕು ಬಂದಿದೆ. ಬಾಗಿಲು, ಕುರ್ಚಿ, ಅಂಗಳದ ತೆಂಗಿನಮರ ಕಾಣುತ್ತದೆ, ಅಕ್ಷರ ಕಾಣುವುದಿಲ್ಲ. ಹಾಗಾಗಿ ರಾತ್ರಿ ಊಟಕ್ಕೆ ಮೊದಲು ಅರ್ಧ ಗಂಟೆ ನಾನು ಓದಬೇಕು, ಅವರು ಕೇಳಬೇಕು ಅಂತ ಅಮ್ಮ ಒಂದು ನಿಯಮ ಮಾಡಿದ್ದಾರೆ. ಶುರುವಿಗೆ ನನಗೆ ಅದು ದೊಡ್ಡ ತಲೆನೋವಾಗಿತ್ತು. ಪಿಯುಸಿಯಲ್ಲಿ ಇಂಗ್ಲಿಷ್ ಪದ್ಯವನ್ನು ಗೈಡಿನ ಸಾರಾಂಶ ಬಾಯಿಪಾಠ ಮಾಡಿ ಪಾಸಾದವನು ನಾನು. ಆಮೇಲೆ ಇಂಜಿನಿಯರಿಂಗ್. ಮೊದಲ ವಾರ 'ಯೀಟ್ಸ್' ಅಂತ ಓದಿದ್ದಕ್ಕೆ ಅಪ್ಪ, "ಅದು ಯೇಟ್ಸ್ ಮಾರಾಯ. ಕೀಟ್ಸ್ ಬೇರೆ, ಯೇಟ್ಸ್ ಬೇರೆ" ಅಂದಿದ್ದರು. ಎರಡರ ಸ್ಪೆಲ್ಲಿಂಗ್ ಒಂದೇ ತರ ಇಟ್ಟದ್ದು ನನ್ನ ತಪ್ಪಾ?

ಅಪ್ಪನ ಕಪಾಟಿನಲ್ಲಿ ಕವನ ಸಂಕಲನಗಳಿಗಿಂತ ಹೆಚ್ಚು ಇರುವುದು ಕವಿಗಳ ಬಗ್ಗೆ ಬರೆದ ಪುಸ್ತಕಗಳು. ಡಾ. ಜಾನ್ಸನ್‌ನ ಕವಿಚರಿತ್ರೆಗಳು, ಮ್ಯಾಥ್ಯೂ ಅರ್ನಾಲ್ಡ್‌ನ ವಿಮರ್ಶಾ ಪ್ರಬಂಧಗಳು, ಸಿಡ್ನಿ ಕಾಲ್ವಿನ್ 1887ರಲ್ಲಿ ಬರೆದ ಕೀಟ್ಸ್ ಜೀವನಚರಿತ್ರೆ. ಆ ಶುಕ್ರವಾರ ರಾತ್ರಿ ಕೈಗೆ ಸಿಕ್ಕಿದ್ದು ಕಾಲ್ವಿನ್.

ಒಂದು ಸಾವು, ಒಂದು ತಪ್ಪು ವರದಿ

ಜಾನ್ ಕೀಟ್ಸ್ ಹುಟ್ಟಿದ್ದು 1795ರಲ್ಲಿ, ತೀರಿಕೊಂಡದ್ದು 1821ರ ಫೆಬ್ರವರಿಯಲ್ಲಿ, ರೋಮ್ ನಗರದಲ್ಲಿ. ಬರೀ 25 ವರ್ಷ. ಅವನು ಮೊದಲು ಕಲಿತದ್ದು ವೈದ್ಯ ವೃತ್ತಿ. ಲಂಡನ್ನಿನ ಗೈಸ್ ಆಸ್ಪತ್ರೆಯಲ್ಲಿ ತರಬೇತಿ ಪಡೆದು, 1816ರಲ್ಲಿ ಲೈಸೆನ್ಸ್ ಕೂಡ ತೆಗೆದುಕೊಂಡು, ಆಮೇಲೆ ಅದನ್ನು ಬಿಟ್ಟು ಕವಿತೆಗೆ ಬಂದವನು. ಡಿಗ್ರಿ ಒಂದು, ಮನಸ್ಸು ಇನ್ನೊಂದು. ನಮ್ಮ ಬ್ಯಾಚಿನಲ್ಲೂ ಇಂಥವರು ಎಷ್ಟು ಜನ ಇದ್ದಾರೆ ಅಂತ ಲೆಕ್ಕ ಹಾಕಿ ನೋಡಿ.

1818ರಲ್ಲಿ ಅವನ ದೀರ್ಘ ಕಾವ್ಯ 'ಎಂಡಿಮಿಯನ್' ಬಂತು. ಆಗಿನ ಎರಡು ದೊಡ್ಡ ಪತ್ರಿಕೆಗಳು, 'ಬ್ಲ್ಯಾಕ್‌ವುಡ್ಸ್' ಮತ್ತು 'ಕ್ವಾರ್ಟರ್ಲಿ ರಿವ್ಯೂ', ಅವನನ್ನು ಚೆನ್ನಾಗಿ ತೊಳೆದುಬಿಟ್ಟವು. ಬ್ಲ್ಯಾಕ್‌ವುಡ್ಸ್ ಅಂತೂ ಕವಿತೆ ನಿನ್ನ ಕೆಲಸ ಅಲ್ಲ, ಔಷಧಿ ಅಂಗಡಿಗೆ ವಾಪಸು ಹೋಗು ಎಂಬ ಧಾಟಿಯಲ್ಲಿ ಲೇವಡಿ ಮಾಡಿತು. ಮೂರು ವರ್ಷದೊಳಗೆ ಕೀಟ್ಸ್ ಸತ್ತ. ಶೆಲ್ಲಿ ಅವನ ನೆನಪಿಗೆ ಬರೆದ ಶೋಕಗೀತೆಯಲ್ಲಿ ವಿಮರ್ಶಕರೇ ಕೊಂದರು ಎಂಬ ಭಾವ ತಂದ. ಬೈರನ್ ಅದನ್ನೇ ಹಿಡಿದು ತಮಾಷೆ ಮಾಡಿದ. ಒಂದು ಲೇಖನ ಓದಿ ಸತ್ತುಹೋದ ಮೆದು ಜೀವ ಅಂತ ಲೋಕ ನಂಬಿತು.

ನನಗೂ ಆ ರಾತ್ರಿ ಹಾಗೆಯೇ ಅನಿಸಿತು. ಓದು ನಿಲ್ಲಿಸಿ ಅಂದೆ, "ನೋಡಿ ಅಪ್ಪ, ನಾಲ್ಕು ಸಾಲು ಒಬ್ಬನನ್ನು ಕೊಂದೇ ಹಾಕಿತು."

"ಅದೆಲ್ಲ ಸುಳ್ಳು ಮಾರಾಯ. ಮುಂದೆ ಓದು" ಅಂದರು ಅಪ್ಪ.

ನಮ್ಮ ಕೆಲಸದಲ್ಲಿ ಸರ್ವರ್ ಬಿದ್ದರೆ ಮೂಲಕಾರಣ ಏನು ಅಂತ ವರದಿ ಬರೆಯುತ್ತೇವಲ್ಲ, ಮೊದಲ ವರದಿಯಲ್ಲಿ ಹೆಚ್ಚಾಗಿ ತಪ್ಪು ಮನುಷ್ಯನ ಹೆಸರೇ ಇರುತ್ತದೆ. ಲಾಗ್ ತೆಗೆದು ನೋಡಿದ ಮೇಲೆಯೇ ನಿಜ ಗೊತ್ತಾಗುವುದು. ಕೀಟ್ಸ್ ವಿಷಯದಲ್ಲಿ ಲಾಗ್ ಅಂದರೆ ಅವನ ಪತ್ರಗಳು. 1848ರಲ್ಲಿ ಮಾಂಕ್ಟನ್ ಮಿಲ್ನ್ಸ್ ಎಂಬಾತ ಆ ಪತ್ರಗಳನ್ನು ಸೇರಿಸಿ ಮೊದಲ ಜೀವನಚರಿತ್ರೆ ತಂದ. ಆಮೇಲೆ ಕಾಲ್ವಿನ್, 1925ರಲ್ಲಿ ಅಮೆರಿಕದ ಕವಯಿತ್ರಿ ಏಮಿ ಲೋವೆಲ್, 1963ರಲ್ಲಿ ವಾಲ್ಟರ್ ಜಾಕ್ಸನ್ ಬೇಟ್ ಬರೆದರು. ಬೇಟ್ ಪುಸ್ತಕಕ್ಕೆ ಪುಲಿಟ್ಜರ್ ಬಂತು. ಇವೆಲ್ಲ ಸೇರಿ ತೋರಿಸಿದ ಮೂಲಕಾರಣ ಕ್ಷಯ. ಅವನ ತಾಯಿ ಸತ್ತದ್ದು ಅದೇ ರೋಗದಿಂದ. ತಮ್ಮ ಟಾಮ್ 1818ರ ಡಿಸೆಂಬರಿನಲ್ಲಿ ಅದೇ ರೋಗಕ್ಕೆ ಬಲಿಯಾದ, ಹಾಸಿಗೆ ಪಕ್ಕ ಕೂತು ಆರೈಕೆ ಮಾಡಿದ್ದು ಕೀಟ್ಸೇ. 1820ರ ಫೆಬ್ರವರಿಯ ಒಂದು ರಾತ್ರಿ ಕೆಮ್ಮಿದಾಗ ರಕ್ತ ಬಂತು. ಮೇಣದ ಬತ್ತಿ ತರಿಸಿ ಅದರ ಬಣ್ಣ ನೋಡಿದ. ವೈದ್ಯ ಕಲಿತವನಲ್ಲವೇ, ಅದರ ಅರ್ಥ ಯಾರೂ ಹೇಳಬೇಕಾಗಿ ಬರಲಿಲ್ಲ.

ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಸಾವಿನ ಕಾರಣ ಅಲ್ಲ, ತಾರೀಕುಗಳು. ಆ ಎರಡು ಕೆಟ್ಟ ವಿಮರ್ಶೆ ಬಂದದ್ದು 1818ರಲ್ಲಿ. ಇವತ್ತು ಜಗತ್ತಿನ ಕಾಲೇಜುಗಳಲ್ಲೆಲ್ಲ ಓದಿಸುವ ಅವನ ಓಡ್‌ಗಳು ಹುಟ್ಟಿದ್ದು 1819ರಲ್ಲಿ, ಏಪ್ರಿಲ್‌ನಿಂದ ಸೆಪ್ಟೆಂಬರ್ ಒಳಗೆ. ಅಂದರೆ ಬೈಸಿಕೊಂಡ ಮರುವರ್ಷ! ಬೈಗುಳ ಬಂದ ಹೊತ್ತಿನಲ್ಲಿ ತಮ್ಮನಿಗೆ ಬರೆದ ಪತ್ರದಲ್ಲಿ, ಸತ್ತ ಮೇಲೆ ಇಂಗ್ಲಿಷ್ ಕವಿಗಳ ಸಾಲಿನಲ್ಲಿ ತನಗೊಂದು ಜಾಗ ಇರಬಹುದು ಎಂಬ ಅರ್ಥದ ಮಾತು ಬರೆದಿದ್ದ. ಪತ್ರಗಳಲ್ಲಿ ಸಿಗುವವನು ಲೋಕ ನಂಬಿದ ಆ ಮೆದು ಜೀವ ಅಲ್ಲ.

ಬೈಯುವುದಕ್ಕೂ ಒಂದು ಕ್ರಮ ಉಂಟು

ಮುಂದಿನ ವಾರ ಜಾನ್ಸನ್ ಹಿಡಿದೆವು. 1777ರಲ್ಲಿ ಲಂಡನ್ನಿನ ಪುಸ್ತಕ ವ್ಯಾಪಾರಿಗಳು ಕವಿಗಳ ಸಂಗ್ರಹವೊಂದಕ್ಕೆ ಚಿಕ್ಕ ಚಿಕ್ಕ ಮುನ್ನುಡಿ ಬರೆದುಕೊಡಿ ಅಂತ ಡಾ. ಸ್ಯಾಮ್ಯುಯೆಲ್ ಜಾನ್ಸನ್ ಹತ್ತಿರ ಬಂದರು. ಅವನಿಗೆ ಆಗ 67 ವರ್ಷ. ಕೇಳಿದ ಸಂಭಾವನೆ 200 ಗಿನಿ ಮಾತ್ರ. ಬರೆಯುತ್ತಾ ಬರೆಯುತ್ತಾ ಮುನ್ನುಡಿಗಳು ಉದ್ದವಾಗಿ, 1779ರಿಂದ 1781ರ ಒಳಗೆ 52 ಕವಿಗಳ ಚರಿತ್ರೆಯೇ ಆಯಿತು. ನಾವು ಹೇಳುವ 'ಸ್ಕೋಪ್ ಜಾಸ್ತಿಯಾಯ್ತು' ಆಗಲೂ ಇತ್ತು. ಯಾರು ಯಾರು ಬೇಕು ಎಂದು ಹೆಚ್ಚಿನ ಪಾಲು ತೀರ್ಮಾನಿಸಿದವರು ವ್ಯಾಪಾರಿಗಳು. ಆ 52ರಲ್ಲಿ ಒಬ್ಬ ಹೆಂಗಸೂ ಇಲ್ಲ.

ಜಾನ್ಸನ್‌ಗೆ ಮಿಲ್ಟನ್‌ನ ರಾಜಕೀಯ ಕಂಡರೆ ಆಗುತ್ತಿರಲಿಲ್ಲ, 'ಲಿಸಿಡಸ್' ಪದ್ಯವನ್ನು ನಿರ್ದಾಕ್ಷಿಣ್ಯವಾಗಿ ಬೈದ. ಅದೇ ಲೇಖನದಲ್ಲಿ 'ಪ್ಯಾರಡೈಸ್ ಲಾಸ್ಟ್' ಬಂದಾಗ ತಲೆಬಾಗಿದ. ಗ್ರೇ ಕವಿಯ ಓಡ್‌ಗಳು ಅವನಿಗೆ ರುಚಿಸಲಿಲ್ಲ, ಆದರೂ ಸ್ಮಶಾನದಲ್ಲಿ ಕೂತು ಬರೆದಂತಿರುವ ಎಲಿಜಿಯನ್ನು ಮನಬಿಚ್ಚಿ ಹೊಗಳಿದ. ಮನುಷ್ಯ ಇಷ್ಟ ಇಲ್ಲದಿದ್ದರೂ ಕೆಲಸ ಒಳ್ಳೆಯದಿದ್ದರೆ ಒಪ್ಪಬೇಕು, ತಪ್ಪು ಅನಿಸಿದರೆ ಯಾವ ಜಾಗದಲ್ಲಿ ಅಂತ ಬೆರಳಿಟ್ಟು ತೋರಿಸಬೇಕು. ನನ್ನ ನಾಲ್ಕು ಸಾಲಿನ ಕಮೆಂಟಿನಲ್ಲಿ ಇಲ್ಲದ್ದು ಇದೇ.

ಅರ್ನಾಲ್ಡ್ ಕಥೆ ಬೇರೆ. 1886ರಲ್ಲಿ ಡೌಡನ್ ಎಂಬ ಪ್ರಾಧ್ಯಾಪಕರು ಶೆಲ್ಲಿಯ ದೊಡ್ಡ ಜೀವನಚರಿತ್ರೆ ಬರೆದರು. ಮೊದಲ ಹೆಂಡತಿ ಹ್ಯಾರಿಯೆಟ್‌ಳನ್ನು ಬಿಟ್ಟದ್ದು, ಅವಳು 1816ರಲ್ಲಿ ನೀರಿಗೆ ಹಾರಿ ಸತ್ತದ್ದು ಎಲ್ಲ ಅದರಲ್ಲಿ ಬಂತು. ಓದಿದ ಅರ್ನಾಲ್ಡ್‌ಗೆ ಇಷ್ಟು ತಿಳಿಯದೇ ಇದ್ದಿದ್ದರೆ ಚೆನ್ನಾಗಿತ್ತು ಅನಿಸಿತು. ಕವಿಯ ಬದುಕು ಗೊತ್ತಾದ ಮೇಲೆ ಕವಿತೆಯನ್ನು ಮೊದಲಿನಂತೆ ಓದಲಿಕ್ಕೆ ಆಗುತ್ತದಾ? ನಮಗೆ ಇಷ್ಟದ ನಟ, ಗಾಯಕರ ಬಗ್ಗೆ ಸುದ್ದಿ ಬಂದಾಗೆಲ್ಲ ನಾವು ಕಾಮೆಂಟ್ ಬಾಕ್ಸಿನಲ್ಲಿ ಜಗಳ ಮಾಡುವುದು ಇದೇ ಪ್ರಶ್ನೆಗೆ.

ನಾವು ಹಾಡಿದ ಪದ್ಯ

"ಇದೆಲ್ಲ ಅವರದ್ದಾಯಿತು. ನಮಗೂ ಇದಕ್ಕೂ ಎಂತ ಸಂಬಂಧ?" ಅಂತ ಒಮ್ಮೆ ಕೇಳಿದೆ. ಅಪ್ಪ ನಕ್ಕರು. "ಶಾಲೆಯಲ್ಲಿ ಪ್ರಾರ್ಥನೆ ಎಂತ ಹಾಡ್ತಿದ್ರಿ?"

ಬೆಳಕನ್ನು ಕರೆಯುವ ಆ ಪ್ರಾರ್ಥನೆ ನಿಮ್ಮಲ್ಲಿ ಅನೇಕರಿಗೆ ಬಾಯಿಪಾಠ ಇರಬಹುದು. ಅದು ಬಿ.ಎಂ. ಶ್ರೀಕಂಠಯ್ಯನವರದ್ದು, ಮೂಲ ಜಾನ್ ಹೆನ್ರಿ ನ್ಯೂಮನ್ ಬರೆದ ಇಂಗ್ಲಿಷ್ ಪದ್ಯ. ನ್ಯೂಮನ್ 1833ರಲ್ಲಿ ಸಿಸಿಲಿಯಲ್ಲಿ ಜ್ವರದಿಂದ ಸಾಯುವ ಸ್ಥಿತಿಗೆ ಹೋಗಿ, ಹೇಗೋ ಚೇತರಿಸಿಕೊಂಡು, ಕಿತ್ತಳೆ ಹಣ್ಣು ಸಾಗಿಸುವ ಒಂದು ಹಡಗು ಹತ್ತಿ ಊರಿಗೆ ಹೊರಟಿದ್ದ. ಗಾಳಿ ಬೀಳದೆ ಹಡಗು ನಡುಸಮುದ್ರದಲ್ಲಿ ದಿನಗಟ್ಟಲೆ ನಿಂತುಬಿಟ್ಟಿತು. ಆಗ ಬರೆದದ್ದು ಅದು. ಅವನಿಗೆ 32 ವರ್ಷ. ಹತ್ತು ವರ್ಷ ಅಸೆಂಬ್ಲಿಯಲ್ಲಿ ನಿಂತು ಹಾಡಿದ ಪದ್ಯ, ಅದರೊಳಗೆ ಮನೆಗೆ ಹೋಗಲಾಗದೆ ನಿಂತ ಒಬ್ಬ ಮನುಷ್ಯ ಇದ್ದಾನೆ ಅಂತ ನನಗೆ ಗೊತ್ತೇ ಇರಲಿಲ್ಲ.

ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುತ್ತಿದ್ದ ಬಿಎಂಶ್ರೀ, 'ಇಂಗ್ಲಿಷ್ ಗೀತಗಳು' ಸಂಕಲನವನ್ನು 1926ರಲ್ಲಿ ತಂದರು. ಶೆಲ್ಲಿ, ವರ್ಡ್ಸ್‌ವರ್ತ್, ಬರ್ನ್ಸ್ ಕನ್ನಡದಲ್ಲಿ ಹೊಸ ಲಯ ಹಿಡಿದು ಬಂದರು. ಅದಕ್ಕೂ ಮೊದಲೇ ನಮ್ಮ ಕರಾವಳಿಯ ಹಟ್ಟಿಯಂಗಡಿ ನಾರಾಯಣರಾಯರು 'ಆಂಗ್ಲ ಕವಿತಾವಳಿ' ತಂದಿದ್ದರು. ಆ ಹೆಸರು ನಾನು ಕೇಳಿದ್ದು ಈ ವರ್ಷ.

ಒಂದು ಭಾನುವಾರ ಅಪ್ಪನನ್ನು ಕಾರಿನಲ್ಲಿ ಕೂರಿಸಿಕೊಂಡು ತಲಪಾಡಿ ದಾಟಿ ಮಂಜೇಶ್ವರಕ್ಕೆ ಹೋದೆ. ರಾಷ್ಟ್ರಕವಿ ಗೋವಿಂದ ಪೈಗಳ ಮನೆ ಈಗ ಅಲ್ಲಿ ಸ್ಮಾರಕವಾಗಿದೆ. ಪೈಗಳು ಮದ್ರಾಸಿನಲ್ಲಿ ಬಿ.ಎ. ಓದುವಾಗ ತಂದೆಯ ಕಾರಣಕ್ಕೆ ಊರಿಗೆ ಮರಳಬೇಕಾಗಿ ಬಂದು ಡಿಗ್ರಿ ಅರ್ಧಕ್ಕೆ ನಿಂತಿತು. ಆ ಕಾಲದ ಕನ್ನಡ ಪದ್ಯದಲ್ಲಿ ಪ್ರತಿ ಸಾಲಿನ ಎರಡನೇ ಅಕ್ಷರ ಒಂದೇ ಆಗಿರಬೇಕು, ಅದೇ ಪ್ರಾಸದ ನಿಯಮ. ಶತಮಾನಗಳಿಂದ ಬಂದ ಆ ಕಟ್ಟನ್ನು 1911ರಲ್ಲಿ, 28ರ ಪ್ರಾಯದಲ್ಲಿ, ಪೈಗಳು ಬಿಟ್ಟರು. ಸಂಪ್ರದಾಯದವರು ಸುಮ್ಮನಿರಲಿಲ್ಲ, ಪ್ರಾಸ ಇಲ್ಲದ ಪದ್ಯ ಪದ್ಯವೇ ಅಂತ ಕೇಳಿದರು. ಮಿಲ್ಟನ್ ಕೂಡ 'ಪ್ಯಾರಡೈಸ್ ಲಾಸ್ಟ್'ನಲ್ಲಿ ಅಂತ್ಯಪ್ರಾಸ ಬಿಟ್ಟದ್ದಕ್ಕೆ ಸಮರ್ಥನೆ ಬರೆಯಬೇಕಾಗಿ ಬಂದಿತ್ತು. ಪೈಗಳು ಬರೆಯುತ್ತಾ ಹೋದರು. 1949ರಲ್ಲಿ ಮದ್ರಾಸ್ ಸರಕಾರ ಅವರನ್ನು ರಾಷ್ಟ್ರಕವಿ ಅಂತ ಗೌರವಿಸಿತು.

ಅಪ್ಪನ ಡ್ರಾಫ್ಟು

ವಾಪಸು ಬರುವಾಗ ತೊಕ್ಕೊಟ್ಟಿನ ಹತ್ತಿರ ಟ್ರಾಫಿಕ್‌ನಲ್ಲಿ ಸಿಕ್ಕಿಬಿದ್ದೆವು. ಅಲ್ಲಿ ಅಪ್ಪನಿಗೆ ರೇಟಿಂಗ್ ವಿಷಯ ಹೇಳಿದೆ. ರಾಜೀನಾಮೆಯ ಡ್ರಾಫ್ಟೂ.

ಸ್ವಲ್ಪ ಹೊತ್ತು ಮಾತಿಲ್ಲ. ಮತ್ತೆ ಅಂದರು, "ನಾನು ಕೂಡ ಒಂದು ಲೇಖನ ಬರ್ದಿದ್ದೆ. ಗೋವಿಂದ ಪೈ ಮತ್ತು ಮಿಲ್ಟನ್ ಬಗ್ಗೆ. ನೀನು ಹುಟ್ಲಿಕ್ಕೆ ಮೊದಲು. ಒಂದು ಪತ್ರಿಕೆಗೆ ಕಳ್ಸಿದೆ. ಹೊಸತೇನಿಲ್ಲ ಅಂತ ವಾಪಸು ಬಂತು. ಮತ್ತೆ ಬರೀಲೇ ಇಲ್ಲ."

"ಯಾಕೆ?"

"ಯಾಕೆಂದರೆ, ಕೀಟ್ಸ್ ಸತ್ತದ್ದು ವಿಮರ್ಶೆಯಿಂದ ಅಲ್ಲ ಅಂತ ಮಕ್ಕಳಿಗೆ ಪಾಠ ಮಾಡ್ಲಿಕ್ಕೆ ಸುಲಭ ಮಗಾ."

ನನಗೆ ಏನು ಹೇಳಬೇಕೋ ತಿಳಿಯಲಿಲ್ಲ. ಮೂವತ್ತು ವರ್ಷ ಆ ಕಪಾಟು ಯಾಕೆ ಹಾಗೆ ತುಂಬುತ್ತಾ ಹೋಯಿತು ಅಂತ ಮಾತ್ರ ಆಗ ಅರ್ಥವಾಯಿತು.

ನಾನು ರಾಜೀನಾಮೆ ಕೊಡಲಿಲ್ಲ. ಮ್ಯಾನೇಜರ್ ಹತ್ತಿರ ಸಮಯ ಕೇಳಿ, ಯಾವ ಕೆಲಸದಲ್ಲಿ, ಎಲ್ಲಿ ಕೊರತೆ ಆಯಿತು ಅಂತ ಒಂದೊಂದಾಗಿ ಬರೆದುಕೊಡಿ ಅಂದೆ. ಎರಡು ವಿಷಯ ನನ್ನದೇ ತಪ್ಪು, ಒಪ್ಪಿಕೊಂಡೆ. ಮೂರನೆಯದನ್ನು ಒಪ್ಪಲಿಲ್ಲ, ಅದೂ ದಾಖಲಾಯಿತು. ರೇಟಿಂಗ್ ಬದಲಾಗಲಿಲ್ಲ. ಮುಂದಿನ ವರ್ಷ ಅಲ್ಲೇ ಇರುತ್ತೇನಾ, ಗೊತ್ತಿಲ್ಲ.

ನಿಮಗೂ ಶುರು ಮಾಡುವ ಮನಸ್ಸಿದ್ದರೆ ದುಡ್ಡು ಬೇಡ. ಜಾನ್ಸನ್‌ನ ಕವಿಚರಿತ್ರೆಗಳು, ಕಾಲ್ವಿನ್‌ನ ಕೀಟ್ಸ್ ಎರಡೂ ಪ್ರಾಜೆಕ್ಟ್ ಗುಟೆನ್‌ಬರ್ಗ್‌ನಲ್ಲಿ ಉಚಿತವಾಗಿ ಸಿಗುತ್ತವೆ, ಫೋನಿನಲ್ಲೇ ಓದಬಹುದು. ಜಾನ್ಸನ್‌ನನ್ನು ಮೊದಲ ಪುಟದಿಂದ ಹಿಡಿಯಬೇಡಿ, ಮಿಲ್ಟನ್ ಅಥವಾ ಪೋಪ್ ಮೇಲಿನದನ್ನು ಮೊದಲು ಓದಿ. ಮನೆಯಲ್ಲಿ ಕೇಳುವವರು ಒಬ್ಬರಿದ್ದರೆ ಗಟ್ಟಿಯಾಗಿ ಓದಿ. ಉಚ್ಚಾರ ತಪ್ಪಿದರೆ ಅವರೇ ತಿದ್ದುತ್ತಾರೆ.

ನಮ್ಮ ಮನೆಯ ಅರ್ಧ ಗಂಟೆ ಈಗ ಮುಕ್ಕಾಲು ಗಂಟೆ ಆಗಿದೆ. ಮೊದಲ ಅರ್ಧ ಗಂಟೆ ನಾನು ಓದುತ್ತೇನೆ. ಕೊನೆಯ ಕಾಲು ಗಂಟೆ ಅಪ್ಪ ಹೇಳುತ್ತಾರೆ, ನಾನು ಲ್ಯಾಪ್‌ಟಾಪ್‌ನಲ್ಲಿ ಟೈಪ್ ಮಾಡುತ್ತೇನೆ. ಗೋವಿಂದ ಪೈ ಮತ್ತು ಮಿಲ್ಟನ್. ನಿನ್ನೆಗೆ ಹನ್ನೊಂದನೇ ಪುಟ ಮುಗಿಯಿತು. ಒತ್ತಕ್ಷರ ತಪ್ಪಾಯಿತಾ ಅಂತ ಪ್ರತಿ ಸಾಲಿಗೂ ಕೇಳುತ್ತಾರೆ. ಮುಗಿದ ಮೇಲೆ ಕಳಿಸುವುದಾ ಅಂತ ನಾನಿನ್ನೂ ಕೇಳಿಲ್ಲ.