ಸಾಕುಪ್ರಾಣಿಗಳ ತಳಿ ಸಂವರ್ಧನೆಯಲ್ಲಿ ವಂಶವಾಹಿ ತಂತ್ರಜ್ಞಾನ: ಒಂದು ಕ್ರೈಸ್ತ ನೈತಿಕ ವಿವೇಚನೆ

ಹಳ್ಳಿಯ ಸಭೆಗಳಲ್ಲಿ ಸೇವೆ ಮಾಡುವ ಸಭಾಪಾಲಕರಿಗೆ ವಂಶವಾಹಿ ತಂತ್ರಜ್ಞಾನವು ಈಗ ದೂರದ ಪ್ರಯೋಗಾಲಯದ ಸಂಗತಿಯಾಗಿ ಉಳಿದಿಲ್ಲ. ಸಭೆಯ ಸದಸ್ಯನ ಕೊಟ್ಟಿಗೆಯಲ್ಲಿರುವ ಮಿಶ್ರತಳಿಯ ಹಸು ಕೃತಕ ಗರ್ಭಧಾರಣೆಯಿಂದ ಹುಟ್ಟಿದ್ದು. ಅದಕ್ಕೆ ಹೆಣ್ಣು ಕರುವೇ ಹುಟ್ಟುವಂತೆ ಮಾಡುವ ಲಿಂಗ ನಿರ್ಧರಿತ ವೀರ್ಯವೂ ಇಂದು ಸರ್ಕಾರದ ಸಹಾಯಧನದಲ್ಲಿ ದೊರೆಯುತ್ತಿದೆ. 2025ರಲ್ಲಿ ಕಾಶ್ಮೀರದ ಶೇರ್-ಎ-ಕಾಶ್ಮೀರ್ ಕೃಷಿ ವಿಶ್ವವಿದ್ಯಾಲಯದ ವಿಜ್ಞಾನಿಗಳು ವಂಶವಾಹಿಯನ್ನು ತಿದ್ದಿದ ಭಾರತದ ಮೊದಲ ಕುರಿಮರಿಯ ಜನನವನ್ನು ಪ್ರಕಟಿಸಿದರು. ಹೀಗಿರುವಾಗ ರೈತನೊಬ್ಬನು, "ಅಯ್ಯನವರೇ, ಇದು ದೇವರ ಸೃಷ್ಟಿಗೆ ಕೈಹಾಕಿದಂತೆ ಆಗುವುದಿಲ್ಲವೇ?" ಎಂದು ಕೇಳಿದರೆ ಏನು ಉತ್ತರ ಕೊಡಬೇಕು? "ಹೌದು, ಪಾಪವೇ" ಎನ್ನುವುದು ಸುಲಭ. "ವಿಜ್ಞಾನವೂ ದೇವರ ವರವೇ" ಎನ್ನುವುದು ಇನ್ನೂ ಸುಲಭ. ಎರಡು ಉತ್ತರಗಳಲ್ಲಿಯೂ ಪಶುವಿನ ಪ್ರಸ್ತಾಪವೇ ಇಲ್ಲ ಎಂಬುದನ್ನು ಗಮನಿಸಬೇಕು.

ಶಾಸ್ತ್ರದ ಸಾಕ್ಷಿ

ಮನುಷ್ಯನು ಪಶುಗಳ ಸಂತತಿಯನ್ನು ತನ್ನ ಇಚ್ಛೆಯಂತೆ ರೂಪಿಸಲು ಯತ್ನಿಸಿದ್ದು ಹೊಸದೇನೂ ಅಲ್ಲ. ಆದಿಕಾಂಡ 30ನೆಯ ಅಧ್ಯಾಯದಲ್ಲಿ ಯಾಕೋಬನು ಲಾಬಾನನ ಮಂದೆಯ ಬಲವಾದ ಆಡುಕುರಿಗಳನ್ನು ಆರಿಸಿ ಮಚ್ಚೆಯುಳ್ಳ ಮರಿಗಳನ್ನು ಪಡೆಯುತ್ತಾನೆ. ಅವನ ತಿಳಿವಳಿಕೆ ಇಂದಿನ ತಳಿಶಾಸ್ತ್ರಕ್ಕೆ ಹೊಂದುವುದಿಲ್ಲ. ಆದರೂ ಆ ಯತ್ನವನ್ನು ಗ್ರಂಥವು ಅದೊಂದೇ ಕಾರಣಕ್ಕೆ ಖಂಡಿಸುವುದಿಲ್ಲ. ಯಾಜಕಕಾಂಡ 19:19 ಬೇರೆಬೇರೆ ಜಾತಿಯ ಪಶುಗಳನ್ನು ಕೂಡಿಸಬಾರದೆಂದು ವಿಧಿಸುತ್ತದೆ. ಆದರೆ ಆ ವಚನವನ್ನು ಇಂದಿನ ತಂತ್ರಜ್ಞಾನಕ್ಕೆ ನೇರವಾದ ನಿಷೇಧವಾಗಿ ಬಳಸುವವರು, ದಾವೀದನು ತನ್ನ ಹೇಸರಕತ್ತೆಯ ಮೇಲೆ ಸೊಲೊಮೋನನನ್ನು ಕೂರಿಸಿ ಅಭಿಷೇಕಕ್ಕೆ ಕಳುಹಿಸಿದ ಪ್ರಸಂಗವನ್ನೂ (1 ಅರಸುಗಳು 1:33) ಓದಬೇಕು. ಹೇಸರಕತ್ತೆಯು ಕುದುರೆ ಮತ್ತು ಕತ್ತೆಗಳ ಮಿಶ್ರ ಸಂತಾನವಲ್ಲವೇ?

ಹಾಗಾದರೆ ಶಾಸ್ತ್ರವು ನಮ್ಮಿಂದ ಕೇಳುವುದೇನು? ಧರ್ಮೋಪದೇಶಕಾಂಡ 5:14 ಎತ್ತು ಕತ್ತೆಗಳಿಗೂ ಸಬ್ಬತ್ತಿನ ವಿಶ್ರಾಂತಿಯನ್ನು ಕೊಡುತ್ತದೆ. 25:4 ಕಣ ತುಳಿಯುವ ಎತ್ತಿನ ಬಾಯಿ ಕಟ್ಟುವುದನ್ನು ತಡೆಯುತ್ತದೆ. ದುಡಿಯುವ ಪ್ರಾಣಿಗೆ ತನ್ನ ದುಡಿಮೆಯ ಫಲದಲ್ಲಿ ಪಾಲುಂಟು. ಜಲಪ್ರಳಯದ ನಂತರದ ಒಡಂಬಡಿಕೆಯು ನೋಹನೊಂದಿಗೆ ಮಾತ್ರವಲ್ಲದೆ ಸಕಲ ಜೀವಿಗಳೊಂದಿಗೂ ಆಗುತ್ತದೆ (ಆದಿಕಾಂಡ 9:10). ನಮ್ಮ ವಿಷಯಕ್ಕೆ ಅತ್ಯಂತ ಹತ್ತಿರವಾದದ್ದು ಜ್ಞಾನೋಕ್ತಿಗಳು 12:10. ನೀತಿವಂತನು ತನ್ನ ಪಶುವಿನ ವಿಷಯದಲ್ಲಿ ಹೇಗಿರುತ್ತಾನೆಂದು ಹೇಳುವ ಈ ವಚನದ ಇಬ್ರಿಯ ಮೂಲದಲ್ಲಿರುವ ಕ್ರಿಯಾಪದ 'ಯಾದಾ', ಅಂದರೆ 'ತಿಳಿ'. ತಿಳಿಯಬೇಕಾದದ್ದು ಪಶುವಿನ 'ನೆಫೆಷ್', ಅಂದರೆ ಅದರ ಪ್ರಾಣ, ಅದರ ಹಸಿವು, ಅದರ ಬಯಕೆ. ಆದಿಕಾಂಡ 2:7ರಲ್ಲಿ ಆದಾಮನಿಗೆ ಬಳಸಿದ ಪದವೂ ಇದೇ. ಪಶುವಿನ ವಂಶವಾಹಿಗಳನ್ನು ನಾವು ಅಕ್ಷರಾಕ್ಷರವಾಗಿ ಓದಬಲ್ಲವರಾಗಿದ್ದೇವೆ. ಅದರ ನೆಫೆಷ್ ಅನ್ನು ತಿಳಿದಿದ್ದೇವೆಯೇ? ಈ ಕ್ಷೇತ್ರದ ನೈತಿಕ ವಿಚಾರವು ಈ ಪ್ರಶ್ನೆಯಿಂದ ಆರಂಭವಾಗಬೇಕು.

ಮೂರು ತತ್ತ್ವಗಳು

ಈ ಪ್ರಶ್ನೆಯನ್ನು ಕ್ರಮಬದ್ಧವಾಗಿ ಎದುರಿಸಿದ ದಾಖಲೆಯೊಂದು ನಮ್ಮ ವಿದ್ಯಾರ್ಥಿಗಳಿಗೆ ಪರಿಚಿತವಾಗಬೇಕು. 1993ರಲ್ಲಿ ಬ್ರಿಟಿಷ್ ಸರ್ಕಾರದ ಕೃಷಿ ಸಚಿವಾಲಯವು ಸಾಕುಪ್ರಾಣಿಗಳ ತಳಿ ಸಂವರ್ಧನೆಯ ಹೊಸ ತಂತ್ರಜ್ಞಾನಗಳ ನೈತಿಕ ಪರಿಣಾಮಗಳನ್ನು ಪರಿಶೀಲಿಸಲು ಸಮಿತಿಯೊಂದನ್ನು ನೇಮಿಸಿತು. ಅದರ ಅಧ್ಯಕ್ಷರು ಆಂಗ್ಲಿಕನ್ ದೈವಶಾಸ್ತ್ರಜ್ಞರಾದ ಮೈಕೆಲ್ ಬ್ಯಾನರ್. 1995ರಲ್ಲಿ ಪ್ರಕಟವಾದ ಅವರ ವರದಿಯ ತಿರುಳನ್ನು ಮೂರು ತತ್ತ್ವಗಳಲ್ಲಿ ಸಂಗ್ರಹಿಸಬಹುದು. ಮೊದಲನೆಯದಾಗಿ, ಕೆಲವು ಬಗೆಯ ಮತ್ತು ಕೆಲವು ಪ್ರಮಾಣದ ಹಾನಿಗಳನ್ನು ಯಾವ ಲಾಭಕ್ಕಾಗಿಯೂ ಪ್ರಾಣಿಗೆ ಉಂಟುಮಾಡಕೂಡದು. ಎರಡನೆಯದಾಗಿ, ಉಳಿದ ಯಾವುದೇ ಹಾನಿಗೆ ಸಮರ್ಥನೆ ಬೇಕು. ವಾಸ್ತವವಾಗಿ ನಿರೀಕ್ಷಿಸಬಹುದಾದ ಒಳಿತು ಆ ಹಾನಿಯನ್ನು ಮೀರುವಂತಿರಬೇಕು. ಮೂರನೆಯದಾಗಿ, ಹಾಗೆ ಸಮರ್ಥಿತವಾದ ಹಾನಿಯನ್ನೂ ಸಾಧ್ಯವಾದಷ್ಟು ಕಡಿಮೆ ಮಾಡಬೇಕು.

ಇವುಗಳ ಕ್ರಮವೇ ಮುಖ್ಯ. ಲಾಭ ನಷ್ಟಗಳ ತಕ್ಕಡಿಯನ್ನು ಕೈಗೆತ್ತಿಕೊಳ್ಳುವ ಮೊದಲೇ, ಆ ತಕ್ಕಡಿಯಲ್ಲಿ ಇಡಬಾರದ ಸಂಗತಿಗಳಿವೆ ಎಂದು ಮೊದಲನೆಯ ತತ್ತ್ವ ಹೇಳುತ್ತದೆ. ಎತ್ತಿನ ಬಾಯಿ ಕಟ್ಟಬಾರದೆಂಬ ವಿಧಿಯೂ ಹೀಗೆಯೇ. ಕಟ್ಟಿದರೆ ಎಷ್ಟು ಸೇರು ಧಾನ್ಯ ಉಳಿಯುತ್ತದೆಂದು ಅದು ಲೆಕ್ಕ ಕೇಳುವುದಿಲ್ಲ.

ನಾಲ್ಕು ನಿದರ್ಶನಗಳು

1980ರ ದಶಕದಲ್ಲಿ ಅಮೆರಿಕದ ಮೇರಿಲ್ಯಾಂಡ್ ರಾಜ್ಯದ ಬೆಲ್ಟ್ಸ್‌ವಿಲ್‌ನಲ್ಲಿರುವ ಸರ್ಕಾರಿ ಸಂಶೋಧನಾ ಕೇಂದ್ರದಲ್ಲಿ ಮಾನವನ ಬೆಳವಣಿಗೆಯ ಹಾರ್ಮೋನಿನ ವಂಶವಾಹಿಯನ್ನು ಹಂದಿಗಳಿಗೆ ಸೇರಿಸಲಾಯಿತು. ಕಡಿಮೆ ಮೇವಿನಲ್ಲಿ ಕೊಬ್ಬಿಲ್ಲದ ಮಾಂಸ ಪಡೆಯುವುದು ಉದ್ದೇಶವಾಗಿತ್ತು. ಕೊಬ್ಬು ಕಡಿಮೆಯಾಯಿತು, ಆದರೆ ಹಂದಿಗಳು ಕೀಲುನೋವು, ಹೊಟ್ಟೆಹುಣ್ಣು, ಕುಂಟುತನ ಮತ್ತು ನಿಶ್ಶಕ್ತಿಯಿಂದ ನರಳಿದವು. ಸಾಕಾಣಿಕೆಗಾಗಿ ಇಂಥ ಪ್ರಾಣಿಯನ್ನು ಹುಟ್ಟಿಸುವುದು ಮೊದಲನೆಯ ತತ್ತ್ವದಲ್ಲಿಯೇ ಬಿದ್ದುಹೋಗುತ್ತದೆ.

ಎರಡನೆಯದು ಬೆಲ್ಜಿಯನ್ ಬ್ಲೂ ಎಂಬ ದನದ ತಳಿ. ಸ್ನಾಯುವಿನ ಬೆಳವಣಿಗೆಯನ್ನು ಹತೋಟಿಯಲ್ಲಿಡುವ ಮಯೋಸ್ಟಾಟಿನ್ ಎಂಬ ವಂಶವಾಹಿ ಈ ತಳಿಯಲ್ಲಿ ಸಹಜವಾಗಿಯೇ ಕೆಟ್ಟಿದೆ. ತಳಿಗಾರರು ಆ ದೋಷವನ್ನೇ ಆರಿಸಿ ಆರಿಸಿ ಬೆಳೆಸಿದರು. ಕರು ದಪ್ಪ, ತಾಯಿಯ ಪ್ರಸವಮಾರ್ಗ ಇಕ್ಕಟ್ಟು. ಆದುದರಿಂದ ಹೆಚ್ಚಿನ ಕರುಗಳನ್ನು ಶಸ್ತ್ರಚಿಕಿತ್ಸೆಯಿಂದಲೇ ಹೊರತೆಗೆಯಬೇಕಾಗುತ್ತದೆ. ಇಲ್ಲಿ ಯಾವ ಪ್ರಯೋಗಾಲಯವೂ ವಂಶವಾಹಿಯನ್ನು ತಿದ್ದಲಿಲ್ಲ ಎಂಬುದು ನಮ್ಮ ಕಣ್ಣು ತೆರೆಸಬೇಕು. ಹಳೆಯ ವಿಧಾನವು ಹಳೆಯದೆಂಬ ಕಾರಣಕ್ಕೆ ನಿರ್ದೋಷಿಯಾಗುವುದಿಲ್ಲ. ಕಾಶ್ಮೀರದಲ್ಲಿ ತಿದ್ದಿದ್ದೂ ಇದೇ ಮಯೋಸ್ಟಾಟಿನ್ ಅನ್ನು. ಅದು ಕೆಟ್ಟದ್ದೆಂದು ಇದರಿಂದ ತೀರ್ಮಾನಿಸಲಾಗದು. ಮಾಂಸ ಎಷ್ಟು ಹೆಚ್ಚಿತೆಂದು ಕೇಳುವವರು ಆ ಕುರಿಗಳು ಸುಲಭವಾಗಿ ಈಯುತ್ತವೆಯೇ, ಗುಡ್ಡ ಹತ್ತುತ್ತವೆಯೇ ಎಂದೂ ಕೇಳಬೇಕೆಂಬುದು ಮಾತ್ರ ಸ್ಪಷ್ಟ.

ಮೂರನೆಯದು ಹೆಚ್ಚು ಕಠಿಣವಾದ ನಿದರ್ಶನ. ಇಕ್ಕಟ್ಟಾದ ಡೇರಿ ಕೊಟ್ಟಿಗೆಗಳಲ್ಲಿ ಹಸುಗಳು ಒಂದನ್ನೊಂದು ತಿವಿಯದಂತೆ ಕರುಗಳ ಕೊಂಬಿನ ಮೊಳಕೆಯನ್ನು ಕಾದ ಕಬ್ಬಿಣದಿಂದ ಸುಡುವ ಪದ್ಧತಿಯಿದೆ. ಅದು ಬಹಳ ನೋವಿನದು. ಆಂಗಸ್ ತಳಿಯಲ್ಲಿ ಸಹಜವಾಗಿರುವ, ಕೊಂಬಿಲ್ಲದಂತೆ ಮಾಡುವ ವಂಶವಾಹಿ ರೂಪವನ್ನು ಹಾಲಿನ ತಳಿಗೆ ಸೇರಿಸಿ ಅಮೆರಿಕದ ರೀಕಾಂಬಿನೆಟಿಕ್ಸ್ ಸಂಸ್ಥೆ 2015ರಲ್ಲಿ ಎರಡು ಕರುಗಳನ್ನು ಪಡೆಯಿತು. ಪ್ರಾಣಿಯ ನೋವನ್ನು ತಪ್ಪಿಸುವ ಈ ಯತ್ನವನ್ನು ನಾವು ಹಗುರವಾಗಿ ತಳ್ಳಿಹಾಕಲಾಗದು. ಆದರೆ 2019ರಲ್ಲಿ ಅಮೆರಿಕದ ಆಹಾರ ಮತ್ತು ಔಷಧ ಆಡಳಿತದ ವಿಜ್ಞಾನಿಗಳು, ತಿದ್ದುಪಡಿಗೆ ಬಳಸಿದ್ದ ಬ್ಯಾಕ್ಟೀರಿಯಾದ ಡಿಎನ್‌ಎ ತುಣುಕು ಆ ಪ್ರಾಣಿಯ ಶರೀರದಲ್ಲಿ ಉಳಿದುಕೊಂಡಿರುವುದನ್ನು ಕಂಡರು. ಪ್ರತಿಜೀವಕ ಔಷಧಗಳಿಗೆ ಪ್ರತಿರೋಧ ಒಡ್ಡುವ ವಂಶವಾಹಿಗಳೂ ಅದರಲ್ಲಿದ್ದವು. ಅನಪೇಕ್ಷಿತ ಬದಲಾವಣೆ ಇಲ್ಲವೆಂದು ನಂಬಿದ್ದಲ್ಲಿಯೇ ಅದು ಇತ್ತು. ಇನ್ನೊಂದು ಪ್ರಶ್ನೆಯೂ ಉಳಿಯುತ್ತದೆ. ಕೊಂಬು ತೊಂದರೆಯಾದದ್ದು ಕೊಟ್ಟಿಗೆ ಇಕ್ಕಟ್ಟಾದುದರಿಂದಲ್ಲವೇ? ಸಂಕ್ರಾಂತಿಗೆ ಹಳ್ಳಿಕಾರ್ ಎತ್ತಿನ ಕೊಂಬಿಗೆ ಬಣ್ಣ ಬಳಿಯುವುದನ್ನು ಕಂಡ ನಮಗೆ ಈ ಪ್ರಶ್ನೆ ತಾನಾಗಿ ಹೊಳೆಯಬೇಕು.

ನಾಲ್ಕನೆಯದು ನಮ್ಮ ಊರುಗಳದೇ. ಹೆಣ್ಣು ಕರು ಕೊಡುವ ವೀರ್ಯಾಣುವಿನಲ್ಲಿ ಡಿಎನ್‌ಎ ಪ್ರಮಾಣ ಸುಮಾರು ಶೇ. 4ರಷ್ಟು ಹೆಚ್ಚಿರುತ್ತದೆ, ಆ ವ್ಯತ್ಯಾಸದ ಆಧಾರದಿಂದ ಬೇರ್ಪಡಿಸಿದ ವೀರ್ಯವನ್ನು ಬಳಸಿದರೆ ಹುಟ್ಟುವ ಕರುಗಳಲ್ಲಿ ಸುಮಾರು ಶೇ. 90 ಹೆಣ್ಣು. ಉಳುಮೆಗೆ ಟ್ರ್ಯಾಕ್ಟರ್ ಬಂದ ಮೇಲೆ ಮಿಶ್ರತಳಿಯ ಗಂಡು ಕರು ಬಡರೈತನಿಗೆ ಭಾರ. ಹಾಲಿಲ್ಲದೆ ಸೊರಗಿ ಸಾಯುವ, ಬೀದಿಗೆ ಬೀಳುವ ಕರುಗಳನ್ನು ನಾವು ಕಂಡಿದ್ದೇವೆ. ಅಂಥ ಕರು ಹುಟ್ಟದಂತೆ ನೋಡಿಕೊಳ್ಳುವುದರಿಂದ ಯಾವ ಜೀವಿಗೂ ಹಾನಿಯಿಲ್ಲ. ರೈತನ ಕುಟುಂಬಕ್ಕೆ ನಿಜವಾದ ಒಳಿತಿದೆ. ಇದನ್ನು ಸಭೆಯು ನಿರಾತಂಕವಾಗಿ ಒಪ್ಪಬಹುದು. ಆದರೂ ಹುಟ್ಟಿಬಿಟ್ಟ ಗಂಡು ಕರುವಿನ ಹಸಿವು ನಮ್ಮ ಹೊಣೆಯಾಗಿಯೇ ಉಳಿಯುತ್ತದೆ.

ಹಾನಿಯನ್ನು ಮೀರಿದ ಪ್ರಶ್ನೆ

ಮೂರು ತತ್ತ್ವಗಳು ಹಾನಿಯನ್ನು ಅಳೆಯುತ್ತವೆ. ಹಾನಿಯ ಅರಿವನ್ನೇ ಅಳಿಸಿಬಿಟ್ಟರೆ? ಇಕ್ಕಟ್ಟಿನ ವಾಸವನ್ನು ಗಮನಕ್ಕೇ ತಂದುಕೊಳ್ಳದಷ್ಟು ಮಂಕಾದ ಹಂದಿಯನ್ನು ರೂಪಿಸಿದರೆ, ನೋವಿಲ್ಲವಾದುದರಿಂದ ತಪ್ಪೂ ಇಲ್ಲವೆಂದು ವಾದಿಸಬಹುದು. ಬ್ಯಾನರ್ ಸಮಿತಿಯು ಇದನ್ನು ಒಪ್ಪಲಿಲ್ಲ. ಪ್ರಾಣಿಗೆ ಸಹಜವಾದ ಗುರಿಗಳನ್ನು ಕಡೆಗಣಿಸಿ, ಅದನ್ನು ನಮ್ಮ ಗುರಿಗಳಿಗೆ ಕಚ್ಚಾವಸ್ತುವಾಗಿ ಕಾಣುವುದೇ ಅಲ್ಲಿನ ದೋಷವೆಂದು ಅದು ಹೇಳಿತು. ನಮ್ಮ ಮಾತಿನಲ್ಲಿ ಹೇಳುವುದಾದರೆ, ನೆಫೆಷ್ ಅನ್ನು ತಿಳಿಯಬೇಕಾದವನು ಅದನ್ನು ಕುಗ್ಗಿಸಿ ತಿಳಿಯುವ ಹೊಣೆಯಿಂದ ಪಾರಾಗುತ್ತಾನೆ. ಆದಿಕಾಂಡ 1:28ರ ದೊರೆತನವನ್ನು ಹೀಗೆ ಓದಿದರೆ, ತೋಟವನ್ನು ಕಾಯಬೇಕೆಂಬ 2:15ರ ಹೊಣೆಗೆ ಅರ್ಥವೇ ಉಳಿಯುವುದಿಲ್ಲ.

ಬಡವರ ಹಸಿವನ್ನು ಮರೆತು ಪಶುವಿನ ಬಗ್ಗೆ ಮಾತಾಡುವುದು ಉಳ್ಳವರ ಚಪಲವಲ್ಲವೇ ಎಂಬ ಆಕ್ಷೇಪಣೆಗೆ ತೂಕವಿದೆ. ಎರಡನೆಯ ತತ್ತ್ವವು ಆ ಹಸಿವಿಗೆ ಸ್ಥಾನ ಕೊಟ್ಟಿದೆ. ಆದರೆ ಒಳಿತು ಯಾರಿಗೆ ತಲುಪುತ್ತದೆ ಎಂಬುದನ್ನೂ ಅದು ಕೇಳುತ್ತದೆ. ಬಡವನ ಹೆಸರಿನಲ್ಲಿ ಸಮರ್ಥಿಸಿದ ತಳಿಯ ವೀರ್ಯ, ಮೇವು, ಔಷಧಗಳ ಬೆಲೆ ಬಡವನ ಕೈಗೆ ಎಟುಕದಿದ್ದರೆ ಆ ಸಮರ್ಥನೆ ಹುಸಿಯಾಗುತ್ತದೆ.

ಆದುದರಿಂದ ಸಭಾಪಾಲಕನು ಕೊಟ್ಟಿಗೆಯ ಬಾಗಿಲಲ್ಲಿ ನಿಂತು ತನ್ನನ್ನೂ ರೈತನನ್ನೂ ಕೇಳಬೇಕಾದ ಪ್ರಶ್ನೆಗಳು ಮೂರು. ಈ ಬದಲಾವಣೆಯಿಂದ ಪಶುವಿನ ಬಾಳು ಹಿಂದಿನ ತಲೆಮಾರಿನದಕ್ಕಿಂತ ಕೀಳಾಯಿತೇ? ಬದಲಾಗಬೇಕಾದದ್ದು ಪಶುವೋ, ನಮ್ಮ ಸಾಕುವ ರೀತಿಯೋ? ಇದರ ಒಳಿತು ಯಾರ ಮನೆ ಸೇರುತ್ತದೆ? ನಿನೆವೆಯನ್ನು ಕನಿಕರಿಸಿದ ದೇವರು ಅಲ್ಲಿನ ಜನರ ಜೊತೆಗೆ ದನಕರುಗಳನ್ನೂ ಎಣಿಸಿದನೆಂದು ಯೋನನ ಗ್ರಂಥದ ಕೊನೆಯ ವಚನ ನೆನಪಿಸುತ್ತದೆ. ಮನೆವಾರ್ತೆಯವನು ಒಪ್ಪಿಸಬೇಕಾದ ಲೆಕ್ಕದಲ್ಲಿ ಅವುಗಳೂ ಇವೆ.