ಜ್ಞಾನಸ್ನಾನವೂ ಖಡ್ಗವೂ

ಸಂಸ್ಕೃತವನ್ನು ಬಲ್ಲವರಿಗೆ ಲಿಥುವೇನಿಯಾ ದೇಶದ ಭಾಷೆಯು ಕಿವಿಗೆ ಬಿದ್ದೊಡನೆ ವಿಸ್ಮಯವನ್ನುಂಟುಮಾಡುವುದು. ಆ ದೇಶದವರು ದೇವರನ್ನು ‘ದಿಯೇವಸ್’ ಎನ್ನುವರು. ಬೆಂಕಿಯನ್ನು ‘ಉಗ್ನಿಸ್’ ಎನ್ನುವರು. ಮಗನು ಅವರಿಗೆ ‘ಸೂನುಸ್’, ಹೊಗೆಯು ‘ದೂಮಾಯ್’, ಕನಸು ‘ಸಪ್ನಾಸ್’. ನಮ್ಮ ದೇವ, ಅಗ್ನಿ, ಸೂನು, ಧೂಮ, ಸ್ವಪ್ನ ಎಂಬ ಶಬ್ದಗಳೇ ಸಾವಿರಾರು ಹರದಾರಿ ದೂರದ ಹಿಮದ ನಾಡಿನಲ್ಲಿ ವೇಷವನ್ನು ಸ್ವಲ್ಪ ಬದಲಿಸಿಕೊಂಡು ಓಡಾಡುತ್ತಿವೆಯೆಂದು ತೋರುವುದು. ಈ ಭಾಷೆಗೆ ಒಬ್ಬಳು ಸೋದರಿಯಿದ್ದಳು. ಆಕೆಯ ಹೆಸರು ಪ್ರಷ್ಯನ್ ಭಾಷೆ. ಆಕೆಯನ್ನಾಡುವ ನಾಲಗೆ ಇಂದು ಭೂಮಂಡಲದ ಮೇಲೆ ಒಂದೂ ಉಳಿದಿಲ್ಲ. ಆ ಜನವೂ ಆ ಮಾತೂ ಹೇಗೆ ಅಳಿದುಹೋದುವೆಂಬುದನ್ನು ವಾಚಕರ ಮುಂದಿಡುವುದೇ ಈ ಲೇಖನದಲ್ಲಿ ನಮ್ಮ ಉದ್ದೇಶ.

ಜೆರೂಸಲೇಮಿನ ಪುಣ್ಯಕ್ಷೇತ್ರಕ್ಕಾಗಿ ಕ್ರೈಸ್ತರೂ ಮುಸಲ್ಮಾನರೂ ಮಾಡಿದ ಯುದ್ಧಗಳನ್ನು ನಮ್ಮ ಶಾಲೆಗಳ ಹುಡುಗರೂ ಅರಿತಿರುವರು. ಆದರೆ ಅದೇ ಶಿಲುಬೆಯನ್ನು ಉಡುಪಿಗೆ ಹೊಲಿಸಿಕೊಂಡು, ಅದೇ ಪಾಪಕ್ಷಮೆಯ ಆಶ್ವಾಸನವನ್ನು ಪಡೆದು, ಉತ್ತರ ದಿಕ್ಕಿಗೆ ಹೊರಟ ದಂಡುಗಳೂ ಇದ್ದುವೆಂಬುದು ಅಷ್ಟಾಗಿ ಪ್ರಚಾರದಲ್ಲಿಲ್ಲ. ಬಾಲ್ಟಿಕ್ ಸಮುದ್ರದ ತೀರದಲ್ಲಿ ವೆಂಡರು, ಪ್ರಷ್ಯನರು, ಲಿವರು, ಲಾಟ್ವಿಯರು, ಎಸ್ತೋನಿಯರು, ಲಿಥುವೇನಿಯರು ಮುಂತಾದ ಜನಗಳು ವಾಸಿಸುತ್ತಿದ್ದರು. ವನಗಳೂ ವೃಕ್ಷಗಳೂ ಅವರಿಗೆ ಪೂಜ್ಯವಾಗಿದ್ದುವು. ಲಿಥುವೇನಿಯರು ಪೆರ್ಕೂನಸ್ ಎಂಬ ಗುಡುಗಿನ ದೇವತೆಯನ್ನು ಆರಾಧಿಸುತ್ತಿದ್ದರು. ಪ್ರಷ್ಯನರಲ್ಲಿಯೂ ಅವರಲ್ಲಿಯೂ ಸತ್ತವರನ್ನು ಚಿತೆಯಲ್ಲಿ ದಹಿಸುವ ಪದ್ಧತಿಯಿತ್ತು. ಇಂತಹವರನ್ನು ಕ್ರೈಸ್ತ ಗ್ರಂಥಕಾರರು ‘ಪೇಗನ್’ ಎಂದು ಕರೆದರು. ಲ್ಯಾಟಿನಿನಲ್ಲಿ ಆ ಶಬ್ದಕ್ಕೆ ಮೊದಲಿದ್ದ ಅರ್ಥ ಹಳ್ಳಿಗನೆಂದು ಮಾತ್ರ. ನಮ್ಮಲ್ಲಿ ‘ಗ್ರಾಮ್ಯ’ವೆಂಬ ಮಾತು ಹಳ್ಳಿಯದೆಂಬ ಅರ್ಥದಿಂದ ಹೀನವೆಂಬ ಅರ್ಥಕ್ಕೆ ಜಾರಿದುದನ್ನು ಬಲ್ಲವರಿಗೆ ಇದು ಆಶ್ಚರ್ಯವೆನಿಸದು.

ಉತ್ತರದ ಈ ಯುದ್ಧಗಳಿಗೆ ನಾಂದಿಯಾದುದು 1147ನೆಯ ಇಸವಿಯಲ್ಲಿ. ಪೂರ್ವದೇಶಕ್ಕೆ ದಂಡು ಹೊರಡಿಸಬೇಕೆಂದು ಬರ್ನಾರ್ಡ್ ಎಂಬ ಪ್ರಸಿದ್ಧ ಮಠಾಧಿಪತಿಯು ಉಪದೇಶಿಸುತ್ತಿದ್ದಾಗ, ಸ್ಯಾಕ್ಸನಿಯ ಪ್ರಭುಗಳು ತಮ್ಮ ನೆರೆಯಲ್ಲಿಯೇ ಅನ್ಯದೇವತಾರಾಧಕರಾದ ವೆಂಡರಿರುವಾಗ ಅಷ್ಟು ದೂರ ಹೋಗುವುದೇಕೆಂದು ಕೇಳಿದರು. ಬರ್ನಾರ್ಡನು ಒಪ್ಪಿದನು, ಪೋಪ್ ಮೂರನೆಯ ಯೂಜೀನಿಯಸನು ಅನುಜ್ಞೆಯಿತ್ತನು. ಆ ಜನರು ಮತವನ್ನು ಬಿಡಬೇಕು, ಇಲ್ಲವೇ ನಿರ್ನಾಮವಾಗಬೇಕು, ನಡುವೆ ಸಂಧಿಯೆಂಬುದು ಕೂಡದು ಎಂಬುದೇ ಬರ್ನಾರ್ಡನ ಆದೇಶದ ತಾತ್ಪರ್ಯವಾಗಿತ್ತು. ದಂಡು ಹೊರಟಿತು. ಅದರ ಒಂದು ಭಾಗವು ಸ್ಟೆಟಿನ್ ಪಟ್ಟಣವನ್ನು ಮುತ್ತಿದಾಗ ಒಂದು ವಿಚಿತ್ರವು ನಡೆಯಿತು: ಕೋಟೆಯ ಗೋಡೆಯ ಮೇಲೆ ಪಟ್ಟಣಿಗರು ಶಿಲುಬೆಗಳನ್ನು ಎತ್ತಿ ತೋರಿಸಿದರು! ಅವರು ಕ್ರೈಸ್ತರಾಗಿ ಆಗಲೇ ಇಪ್ಪತ್ತು ವರ್ಷಗಳ ಮೇಲಾಗಿದ್ದಿತು. ಶಿಲುಬೆ ಧರಿಸಿದವರು ಶಿಲುಬೆಯಿದ್ದ ಊರನ್ನೇ ಮುತ್ತಿದ್ದರು.

ಅವರನ್ನು ಕ್ರೈಸ್ತರನ್ನಾಗಿ ಮಾಡಿದವನು ಬಾಂಬರ್ಗಿನ ಬಿಷಪ್ ಓಟ್ಟೋ ಎಂಬುವನು. 1124ರಲ್ಲಿಯೂ 1128ರಲ್ಲಿಯೂ ಅವನು ಆ ಸೀಮೆಗೆ ಬಂದು ಕಾಣಿಕೆಗಳನ್ನು ಹಂಚಿ, ಉಪದೇಶಮಾಡಿ, ಅನೇಕರಿಗೆ ಜ್ಞಾನಸ್ನಾನವನ್ನಿತ್ತನು. ಅವನಿಗೆ ದಾರಿಮಾಡಿದುದು ಪೋಲೆಂಡಿನ ಪ್ರಭುವಿನ ಖಡ್ಗವೇ ಎಂಬುದು ನಿಜ. ಆದರೂ ಅವನ ಕೈಯಲ್ಲಿ ಖಡ್ಗವಿರಲಿಲ್ಲ. ಮಾತಿನಿಂದ ಬಂದ ಮತವು ಅಲ್ಲಿ ನಿಂತಿತು. ಖಡ್ಗದಿಂದ ತರಬೇಕೆಂದು ಹೊರಟ 1147ರ ದಂಡು ಹೆಚ್ಚಿನ ಫಲವನ್ನೇನೂ ಕಾಣದೆ ಹಿಂದಿರುಗಿತು.

ಇನ್ನು ಲಿವರ ಕಥೆಯನ್ನು ಕೇಳಿರಿ. ಇದನ್ನು ಬರೆದಿಟ್ಟವನು ಹೆನ್ರಿ ಎಂಬ ಪಾದ್ರಿ. ದಂಡಿನ ಸಂಗಡ ತಾನೇ ತಿರುಗಿದವನು. ಸುಮಾರು 1184ರಲ್ಲಿ ಮೈನ್‌ಹಾರ್ಡ್ ಎಂಬ ವೃದ್ಧ ಸಾಧುವು ಜರ್ಮನ್ ವರ್ತಕರೊಡನೆ ದ್ವಿನಾ ನದಿಯ ದಡಕ್ಕೆ ಬಂದನು. ಅಲ್ಲಿಯ ಲಿವರು ಶತ್ರುಗಳ ಧಾಳಿಯಿಂದ ನೊಂದಿದ್ದರು. ನೀವು ಕ್ರೈಸ್ತರಾಗುವುದಾದರೆ ನಿಮಗೆ ಕಲ್ಲಿನ ಕೋಟೆಯನ್ನು ಕಟ್ಟಿಸಿಕೊಡುವೆನೆಂದು ಅವನು ಹೇಳಲು, ಅವರು ಒಪ್ಪಿದರು. ಗಾಟ್‌ಲೆಂಡ್ ದ್ವೀಪದಿಂದ ಕಲ್ಲುಕುಟಿಗರು ಬಂದು ಕೋಟೆಯನ್ನು ಕಟ್ಟಿದರು. ಕೆಲಸ ಮುಗಿದ ಬಳಿಕ ಲಿವರು ನದಿಗೆ ಇಳಿದು ಮಿಂದು, ಜ್ಞಾನಸ್ನಾನವನ್ನು ತೊಳೆದುಕೊಂಡೆವೆಂದರು. ಕೋಟೆಗೆ ಕೂಲಿಯಾಗಿ ಕೊಟ್ಟ ಭಕ್ತಿಯು ಇನ್ನೆಷ್ಟು ಕಾಲ ನಿಂತೀತು? ಮೈನ್‌ಹಾರ್ಡನು 1196ರಲ್ಲಿ ಅಲ್ಲಿಯೇ ಮೃತನಾದನು.

ಅವನ ಸ್ಥಾನಕ್ಕೆ ಬಂದ ಬರ್ಟೋಲ್ಡನು ಮೊದಲು ಅನ್ನಪಾನಗಳಿಂದಲೂ ಕಾಣಿಕೆಗಳಿಂದಲೂ ಜನರನ್ನು ಒಲಿಸಿಕೊಳ್ಳಲು ಯತ್ನಿಸಿದನು. ಅದು ಸಾಗದಿರಲು ಸೈನ್ಯದೊಡನೆ ಹಿಂದಿರುಗಿದನು. 1198ರಲ್ಲಿ ನಡೆದ ಕಾಳಗದಲ್ಲಿ ಅವನ ಕುದುರೆಯು ಹಿಡಿತ ತಪ್ಪಿ ಶತ್ರುಗಳ ನಡುವೆ ನುಗ್ಗಲು, ಅವನು ಈಟಿಯಿಂದ ಹತನಾದನು. ಕೋಪಗೊಂಡ ಸೈನಿಕರು ಲಿವರ ಪೈರುಗಳನ್ನು ಸುಟ್ಟರು. ಲಿವರು ಸೋತು ಜ್ಞಾನಸ್ನಾನಕ್ಕೆ ಒಪ್ಪಿದರು. ಹಡಗುಗಳು ತಿರುಗಿ ಹೊರಟವೋ ಇಲ್ಲವೋ, ಅವರು ಮತ್ತೆ ಹೊಳೆಯಲ್ಲಿ ಮಿಂದು, ಈ ನೀರನ್ನೂ ಈ ಮತವನ್ನೂ ಬಂದವರ ಹಿಂದೆಯೇ ಕಳುಹುತ್ತೇವೆಂದರು. ಯಾರೋ ಒಬ್ಬ ಜರ್ಮನನು ಮರದ ಕೊಂಬೆಯಲ್ಲಿ ಕೊರೆದಿದ್ದ ಮನುಷ್ಯನ ತಲೆಯು ಅವರ ಕಣ್ಣಿಗೆ ಬಿತ್ತು. ಇದೇ ಆ ಪರದೇಶಿಗಳ ದೇವರೆಂದು ಬಗೆದು ಅವರು ಅದನ್ನು ತೆಪ್ಪದ ಮೇಲಿಟ್ಟು ಸಮುದ್ರದ ಕಡೆಗೆ ತೇಲಿಬಿಟ್ಟರು. ಹದಿನೈದು ವರ್ಷಗಳ ಉಪದೇಶದಿಂದ ಆ ಮತದ ವಿಷಯದಲ್ಲಿ ಅವರಿಗೆ ತಿಳಿದುದು ಇಷ್ಟು!

ಮೂರನೆಯ ಬಿಷಪ್ ಆಲ್ಬರ್ಟನು ಕಾರ್ಯಕುಶಲನು. ಅವನು 1201ರಲ್ಲಿ ರೀಗಾ ಪಟ್ಟಣವನ್ನು ಸ್ಥಾಪಿಸಿದನು. ಮರುವರ್ಷ ‘ಖಡ್ಗಸೋದರರು’ ಎಂಬ ಯೋಧ-ಸಂನ್ಯಾಸಿಗಳ ಸಂಘವು ಹುಟ್ಟಿತು. ಬ್ರಹ್ಮಚರ್ಯವೂ ಪ್ರಾರ್ಥನೆಯೂ ಒಂದು ಕಡೆ, ಕವಚವೂ ಕತ್ತಿಯೂ ಮತ್ತೊಂದು ಕಡೆ! ಪ್ರತಿವರ್ಷವೂ ಹೊಸ ದಂಡುಗಳು ಹಡಗಿನಲ್ಲಿ ಬಂದು ಹೋಗುತ್ತಿದ್ದುವು. ಉಪದೇಶವೂ ನಿಂತಿರಲಿಲ್ಲ. 1205-06ರ ಚಳಿಗಾಲದಲ್ಲಿ ರೀಗಾದಲ್ಲಿ ಬೈಬಲಿನ ಕಥೆಗಳನ್ನು ನಾಟಕವಾಗಿ ಆಡಿಸಿ, ದುಭಾಷಿಗಳಿಂದ ಅರ್ಥ ಹೇಳಿಸಿದರು. ಗಿಡಿಯೋನನ ಸೈನ್ಯವು ಫಿಲಿಸ್ಟೀನರ ಮೇಲೆ ಬೀಳುವ ದೃಶ್ಯವು ಬಂದಾಗ, ನೋಡುತ್ತಿದ್ದ ಪರಮತದವರು ತಮ್ಮನ್ನೇ ಕೊಲ್ಲುವರೆಂದು ಹೆದರಿ ಓಡತೊಡಗಿದರಂತೆ. ಅವರನ್ನು ಸಮಾಧಾನಪಡಿಸಿ ಕರೆತರಬೇಕಾಯಿತಂತೆ. ಹೆನ್ರಿಯು ಇದನ್ನು ಸಹಜವಾಗಿಯೇ ಬರೆದಿರುವನು. ಆದರೆ ಆಟದ ಕತ್ತಿಗೂ ನಿಜವಾದ ಕತ್ತಿಗೂ ಭೇದವು ತೋರದಷ್ಟು ಆ ಜನರು ಕಂಡಿದ್ದರೆಂಬುದನ್ನು ನಾವು ಮರೆಯಲಾಗದು.

ಕಾಲಕ್ರಮದಲ್ಲಿ ಆತ್ಮಗಳ ಲೆಕ್ಕವು ಭೂಮಿಯ ಲೆಕ್ಕವಾಯಿತು. 1219ರಲ್ಲಿ ಡೆನ್ಮಾರ್ಕಿನ ದೊರೆ ಎರಡನೆಯ ವಾಲ್ಡೆಮಾರನು ಎಸ್ತೋನಿಯಕ್ಕೆ ಬಂದಿಳಿದನು. ಯಾರು ಮೊದಲು ಜ್ಞಾನಸ್ನಾನ ಮಾಡಿಸಿದರೋ ಅವರಿಗೆ ಆ ಹಳ್ಳಿಯೆಂಬಂತೆ ರೀಗಾದವರೂ ಡೇನರೂ ಪೈಪೋಟಿಗೆ ನಿಂತರು. ಪಾದ್ರಿಗಳು ಸಾಲದೆ ಹೋದುದರಿಂದ ಡೇನರು ತೀರ್ಥವನ್ನು ಹಳ್ಳಿಗರ ಕೈಯಲ್ಲಿಯೇ ಕಳುಹಿ ಪ್ರೋಕ್ಷಿಸಲು ಹೇಳಿದರೆಂದು ಹೆನ್ರಿಯು ದೂರುವನು. ತಬೆಲಿನ್ ಎಂಬ ಗ್ರಾಮಮುಖ್ಯನು ರೀಗಾದವರ ಜ್ಞಾನಸ್ನಾನವನ್ನು ಸ್ವೀಕರಿಸಿ ಮಗನನ್ನು ಅವರಿಗೆ ಒತ್ತೆಯಾಗಿ ಕೊಟ್ಟನೆಂಬ ಕಾರಣದಿಂದ ಡೇನರು ಅವನನ್ನು ಗಲ್ಲಿಗೇರಿಸಿದರು. ಕ್ರೈಸ್ತನಾಗಲಿಲ್ಲವೆಂದಲ್ಲ, ಬೇರೆಯವರ ಕೈಯಿಂದ ಕ್ರೈಸ್ತನಾದನೆಂದು!

ಪ್ರಷ್ಯನರ ನಾಡಿಗೆ ಬಂದವರು ಟ್ಯೂಟಾನಿಕ್ ಸಂಘದವರು. ಪ್ರಷ್ಯನರ ಧಾಳಿಗಳನ್ನು ತಾಳಲಾರದೆ ಮಜೋವಿಯದ ಪ್ರಭು ಕಾನ್ರಾಡನು ಅವರನ್ನು ಕರೆಯಿಸಿಕೊಂಡನು. 1231ರಲ್ಲಿ ಟೋರ್ನ್ ಎಂಬಲ್ಲಿ ಕೋಟೆ ಹಾಕಿದವರು ವಿಸ್ಟುಲಾ ನದಿಯ ಗುಂಟ ಕೋಟೆಯ ಮೇಲೆ ಕೋಟೆಯನ್ನು ಕಟ್ಟುತ್ತ ನಡೆದರು. 1249ರಲ್ಲಿ ಕ್ರಿಸ್ಟ್‌ಬರ್ಗಿನಲ್ಲಿ ಒಂದು ಒಪ್ಪಂದವಾಯಿತು. ಪ್ರಷ್ಯನರು ಹೆಣಗಳನ್ನು ಸುಡಬಾರದು, ಒಬ್ಬಳಿಗಿಂತ ಹೆಚ್ಚು ಹೆಂಡಿರನ್ನು ಕಟ್ಟಿಕೊಳ್ಳಬಾರದು, ಇಗರ್ಜಿಗಳನ್ನು ಕಟ್ಟಬೇಕು. ಪ್ರತಿಯಾಗಿ ಅವರಿಗೆ ಆಸ್ತಿಯ ಹಕ್ಕು, ನ್ಯಾಯಸ್ಥಾನಕ್ಕೆ ಹೋಗುವ ಹಕ್ಕು, ವೈಯಕ್ತಿಕ ಸ್ವಾತಂತ್ರ್ಯ. ಆದರೆ ಮತವನ್ನು ಬಿಟ್ಟರೆ ಈ ಸ್ವಾತಂತ್ರ್ಯವೂ ಹೋಗತಕ್ಕದ್ದು. 1260ರಲ್ಲಿ ಡುರ್ಬೆಯ ಕದನದಲ್ಲಿ ಸಂಘದವರು ಸೋಲಲು, ಪ್ರಷ್ಯನರು ಎದ್ದರು. ಅವರ ನಾಯಕರಲ್ಲಿ ಪ್ರಸಿದ್ಧನಾದ ಹೆರ್ಕುಸ್ ಮೋಂಟೆಯು ಬಾಲ್ಯದಲ್ಲಿ ಒತ್ತೆಯಾಗಿ ಹೋಗಿ ಮಾಗ್ಡೆಬರ್ಗಿನಲ್ಲಿ ವಿದ್ಯೆ ಕಲಿತವನು. ಕಲಿಸಿದವರ ಯುದ್ಧವಿದ್ಯೆಯನ್ನೇ ಅವರ ಮೇಲೆ ತಿರುಗಿಸಿದನು. 1273ರಲ್ಲಿ ಅವನನ್ನು ಹಿಡಿದು ಗಲ್ಲಿಗೆ ಹಾಕಿದರು. 1283ರ ಹೊತ್ತಿಗೆ ಪ್ರಷ್ಯವು ಸಂಪೂರ್ಣವಾಗಿ ಸಂಘದ ಕೈಸೇರಿತು.

ಲಿಥುವೇನಿಯ ಮಾತ್ರ ನೂರು ವರ್ಷ ಬಗ್ಗದೆ ನಿಂತಿತು. ಚಳಿಗಾಲದಲ್ಲಿ ಜವುಗುಗಳು ಹೆಪ್ಪುಗಟ್ಟಿದಾಗ ಅದರ ಮೇಲೆ ದಂಡಯಾತ್ರೆ ಹೊರಡುವುದು ಯೂರೋಪಿನ ಶ್ರೀಮಂತರಿಗೆ ಒಂದು ಗೌರವದ ವಿಷಯವಾಯಿತು. ಅದಕ್ಕೆ ಜರ್ಮನರು ಇಟ್ಟ ಹೆಸರು ‘ರೈಸೆ’, ಎಂದರೆ ಬರಿಯ ‘ಪ್ರಯಾಣ’! 1387ರಲ್ಲಿ ದೊರೆ ಯೊಗೈಲನು, ಪೋಲೆಂಡಿನ ರಾಣಿಯನ್ನು ಮದುವೆಯಾಗಿ ತಾನು ಕ್ರೈಸ್ತನಾದ ಮರುವರ್ಷ, ತನ್ನ ಜನರಿಗೂ ಜ್ಞಾನಸ್ನಾನ ಮಾಡಿಸಿದನು. ಯುದ್ಧದ ಕಾರಣವು ಅಲ್ಲಿಗೆ ತೀರಬೇಕಾಗಿದ್ದಿತು, ತೀರಲಿಲ್ಲ. ಮುಂದೆ ಇಂಗ್ಲೆಂಡಿನ ನಾಲ್ಕನೆಯ ಹೆನ್ರಿಯಾದ ರಾಜಕುಮಾರನು 1390ರಲ್ಲಿ ಸಂಘದವರ ಸಂಗಡ ಬಂದು ವಿಲ್ನಾ ಪಟ್ಟಣದ ಮುತ್ತಿಗೆಯಲ್ಲಿ ಭಾಗವಹಿಸಿದನು. ಕೊನೆಗೆ 1410ರ ಜುಲೈ 15ರಂದು ಗ್ರುನ್‌ವಾಲ್ಡಿನ ಮೈದಾನದಲ್ಲಿ ಪೋಲೆಂಡ್-ಲಿಥುವೇನಿಯಗಳ ಸೈನ್ಯವು ಸಂಘದ ಬಲವನ್ನು ಮುರಿಯಿತು. ಅದರ ಮಹಾನಾಯಕನೇ ರಣದಲ್ಲಿ ಬಿದ್ದನು.

ಇದೆಲ್ಲವೂ ಅಧರ್ಮವೆಂದು ಹೇಳುವವರು ಆ ಮತದಲ್ಲಿ ಆಗ ಯಾರೂ ಇರಲಿಲ್ಲವೇ ಎಂದು ವಾಚಕರು ಕೇಳಬಹುದು. ಇದ್ದರು. ರೋಜರ್ ಬೇಕನ್ ಎಂಬ ವಿದ್ವಾಂಸ-ಸಂನ್ಯಾಸಿಯು ಹದಿಮೂರನೆಯ ಶತಮಾನದಲ್ಲಿಯೇ, ಪ್ರಷ್ಯನರು ಕ್ರೈಸ್ತರಾಗದಿರುವುದಕ್ಕೆ ಟ್ಯೂಟಾನಿಕ್ ಸಂಘದವರ ರಾಜ್ಯದಾಹವೇ ಕಾರಣವೆಂದು ಆಪಾದಿಸಿದನು. 1415ರಲ್ಲಿ ಕಾನ್‌ಸ್ಟನ್ಸ್ ನಗರದ ಮಹಾಸಭೆಯಲ್ಲಿ ಕ್ರಾಕೋ ವಿದ್ಯಾಪೀಠದ ಅಧ್ಯಕ್ಷ ಪೌಲುಸ್ ವ್ಲಾಡಿಮಿರಿಯು ಈ ವಾದವನ್ನು ಶಾಸ್ತ್ರರೀತಿಯಿಂದ ಪ್ರತಿಪಾದಿಸಿದನು: ಪರಮತದವರಿಗೂ ತಮ್ಮ ಭೂಮಿಯ ಮೇಲೆ ನ್ಯಾಯವಾದ ಸ್ವಾಮ್ಯವುಂಟು; ಅನ್ಯಮತದವರೆಂಬ ಮಾತ್ರದಿಂದ ನೆಮ್ಮದಿಯಾಗಿರುವವರ ಮೇಲೆ ಯುದ್ಧ ಹೂಡಲಾಗದು; ಬಲಾತ್ಕಾರದಿಂದ ಬಂದ ನಂಬಿಕೆಯು ನಂಬಿಕೆಯೇ ಅಲ್ಲ. ಸಂಘದ ಪಕ್ಷ ಹಿಡಿದ ಫಾಲ್ಕೆನ್‌ಬರ್ಗ್ ಎಂಬ ಸಂನ್ಯಾಸಿಯು ಇದನ್ನು ಉಗ್ರವಾಗಿ ಖಂಡಿಸಿದನು. ಸಮೋಗಿಶಿಯದ ಜನರು ಸ್ವತಃ ಆ ಸಭೆಗೆ ಬಂದು ತಮ್ಮ ದುಃಖವನ್ನು ತೋಡಿಕೊಂಡರು. ಸಭೆಯು ಸಂಘಕ್ಕೆ ದಂಡನೆಯನ್ನು ವಿಧಿಸಲಿಲ್ಲ. ಆದರೆ ಆ ವಾದವು ಲಿಖಿತವಾಗಿ ಉಳಿಯಿತು.

ನ್ಯಾಯವಾಗಿ ಹೇಳುವುದಾದರೆ ಎರಡು ಮಾತುಗಳನ್ನು ಸೇರಿಸಬೇಕು. ಆ ಕಾಡುಗಳ ಜನರೂ ನೆರೆಯವರನ್ನು ಸುಲಿಯದೆ, ಸೆರೆಹಿಡಿಯದೆ ಇರಲಿಲ್ಲ. ಎರಡನೆಯದಾಗಿ, ಒಂದು ಮತದ ಹೆಸರಿನಲ್ಲಿ ನಡೆದುದೆಲ್ಲವೂ ಆ ಮತವೇ ಆಗುವುದಿಲ್ಲ. ಶತ್ರುವನ್ನೂ ಪ್ರೀತಿಸೆಂದು ಬೋಧಿಸುವ ಧರ್ಮಕ್ಕೆ ಖಡ್ಗಸೋದರರು ಪ್ರಮಾಣವಲ್ಲ. ಓಟ್ಟೋವಿನಂಥವರೂ ವ್ಲಾಡಿಮಿರಿಯಂಥವರೂ ಆ ಧರ್ಮದವರೇ. ಮತ ಯಾವುದಾದರೂ ಆಗಲಿ, ಅದು ರಾಜ್ಯಲೋಭದ ಕೈಗೆ ಆಯುಧವಾಗಿ ಸಿಕ್ಕಿದಾಗ ಕೆಡುವುದು ಮೊದಲು ಅದೇ.

ಪ್ರಷ್ಯನ್ ಭಾಷೆಯ ಗತಿಯನ್ನು ಹೇಳಿ ಮುಗಿಸುವೆವು. ಗೆದ್ದ ನಾಡಿಗೆ ಜರ್ಮನ್ ಒಕ್ಕಲಿಗರು ಬಂದು ನೆಲೆಸಿದರು. ಹಳೆಯ ಜನರು ಮೆಲ್ಲನೆ ಅವರಲ್ಲಿ ಬೆರೆತುಹೋದರು. ಸುಮಾರು 1400ರಲ್ಲಿ ಪ್ರತಿಮಾಡಿದ 802 ಶಬ್ದಗಳ ಒಂದು ಪಟ್ಟಿ ಉಳಿದಿದೆ. ಅದರಲ್ಲಿ ಮೊದಲನೆಯದು ‘ದೇವರು’ ಎಂಬುದಕ್ಕೆ ಪ್ರಷ್ಯನರಾಡುತ್ತಿದ್ದ ‘ದೇಯ್ವಿಸ್’. 1525ರಲ್ಲಿ ಸಂಘದ ನಾಯಕನೇ ಲೂಥರನ ಮತಕ್ಕೆ ಸೇರಿ ಪ್ರಷ್ಯದ ಡ್ಯೂಕನಾದನು. ಅನಂತರ 1545ರಲ್ಲಿ ಎರಡು, 1561ರಲ್ಲಿ ಒಂದು, ಹೀಗೆ ಮೂರು ಮತಬೋಧೆಯ ಪುಸ್ತಕಗಳು ಆ ಭಾಷೆಯಲ್ಲಿ ಅಚ್ಚಾದುವು. ಮುನ್ನೂರು ವರ್ಷಗಳ ಹಿಂದೆ ಈ ಕೆಲಸವಾಗಿದ್ದರೆ ಎಷ್ಟು ಚೆನ್ನಾಗಿತ್ತು! 18ನೆಯ ಶತಮಾನದ ಆದಿಯ ಮಹಾಮಾರಿಯಲ್ಲಿ ಆ ಮಾತು ಪೂರ್ತಿಯಾಗಿ ಅಡಗಿತು. ಗೆದ್ದವರು ಸೋತವರ ಹೆಸರನ್ನೂ ಬಿಡಲಿಲ್ಲ: 1701ರಲ್ಲಿ ಸ್ಥಾಪಿತವಾದ ಜರ್ಮನ್ ರಾಜ್ಯವೇ ‘ಪ್ರಷ್ಯ’ವೆನಿಸಿತು; ಆ ಹೆಸರಿನ ರಾಜ್ಯವನ್ನೂ ಮಹಾಯುದ್ಧದ ಅನಂತರ 1947ರಲ್ಲಿ ರದ್ದುಮಾಡಿದರು. ಲಿವರ ಮಾತನ್ನು ತಾಯಿನುಡಿಯಾಗಿ ಆಡುತ್ತಿದ್ದವರಲ್ಲಿ ಕೊನೆಯ ವೃದ್ಧೆಯು 2013ರಲ್ಲಿ ತೀರಿಕೊಂಡಳು.

ಅದೇ ಜರ್ಮನ್ ದೇಶದಲ್ಲಿ ಹುಟ್ಟಿದ ಪಾದ್ರಿ ಕಿಟ್ಟೆಲನು ಮತಪ್ರಚಾರಕ್ಕೆಂದೇ ನಮ್ಮ ನಾಡಿಗೆ ಬಂದು, ಕನ್ನಡವನ್ನು ಕಲಿತು, 1894ರಲ್ಲಿ ಮಂಗಳೂರಿನಲ್ಲಿ ತನ್ನ ಮಹಾಕೋಶವನ್ನು ಅಚ್ಚುಹಾಕಿಸಿದನು. ಅವನ ಮತವನ್ನು ಒಪ್ಪದವರೂ ಅವನ ಕೋಶವನ್ನು ಕೈಯಲ್ಲಿ ಹಿಡಿದು ಅವನನ್ನು ನೆನೆಯುವರು. ಅನ್ಯರ ಮಾತನ್ನು ಕಲಿತು ಬಂದವನಿಗೂ, ಅನ್ಯರ ಮಾತನ್ನು ಅಡಗಿಸಿ ಬಂದವನಿಗೂ ಇರುವ ಅಂತರವು ಇಷ್ಟೇ: ಒಬ್ಬನು ಹೋದ ಮೇಲೆ ಕೋಶವು ಉಳಿಯುವುದು, ಮತ್ತೊಬ್ಬನು ಹೋದ ಮೇಲೆ ಎಂಟುನೂರ ಎರಡು ಶಬ್ದಗಳು ಉಳಿಯುವುವು.