ನಿಮಗಿದು ಗೊತ್ತೆ? ಗೃಹಸಾಲದ ಮೊದಲ ಕಂತು ಎಲ್ಲಿ ಹೋಗುತ್ತದೆ?

50 ಲಕ್ಷ ರೂಪಾಯಿ ಗೃಹಸಾಲವನ್ನು ಶೇ 8.5ರ ಬಡ್ಡಿಗೆ 20 ವರ್ಷಕ್ಕೆ ಪಡೆದರೆ ತಿಂಗಳ ಕಂತು ಸುಮಾರು 43,391 ರೂಪಾಯಿ. ಮೊದಲ ಕಂತಿನಲ್ಲಿ 35,417 ರೂಪಾಯಿ ಬಡ್ಡಿಗೇ ಜಮೆ. ಅಸಲು ಕರಗುವುದು 7,974 ಮಾತ್ರ! ಅಸಲಿನ ಪಾಲು ಬಡ್ಡಿಯನ್ನು ಮೀರಿಸಲು ಹೆಚ್ಚುಕಡಿಮೆ 12 ವರ್ಷ ಬೇಕು. ಗೃಹಪ್ರವೇಶದ ದಿನ ತೊಟ್ಟಿಲಲ್ಲಿದ್ದ ಕೂಸು ಅಷ್ಟರಲ್ಲಿ ಏಳನೇ ಕ್ಲಾಸು.

ಕೊನೆಗೆ ಕಟ್ಟಿದ ಬಡ್ಡಿಯೇ 54 ಲಕ್ಷ, ಸಾಲಕ್ಕಿಂತ ಹೆಚ್ಚು. ಅವಧಿಯನ್ನು 30 ವರ್ಷಕ್ಕೆ ಎಳೆದರೆ ಕಂತೇನೋ ಐದು ಸಾವಿರದಷ್ಟು ಇಳಿಯುತ್ತದೆ, ಬಡ್ಡಿ ಮಾತ್ರ 88 ಲಕ್ಷಕ್ಕೆ ಜಿಗಿಯುತ್ತದೆ. ಬಡ್ಡಿದರ ಏರಿದಾಗ ಕಂತು ಹಾಗೇ ಇದ್ದರೆ ಹಿಗ್ಗಬೇಡಿ, ಸದ್ದಿಲ್ಲದೆ ಅವಧಿ ಬೆಳೆದಿರಬಹುದು.

ಅಂದಹಾಗೆ, ಬದಲಾಗುವ ಬಡ್ಡಿದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ. ರಿಸರ್ವ್ ಬ್ಯಾಂಕ್ 2012ರಲ್ಲೇ ಅದನ್ನು ನಿಲ್ಲಿಸಿತು.